ಬಾಯಿ ಹಲವು, ಸಾಕ್ಷಿ ಒಂದೇ

ಪುಣೆಯಿಂದ ಸೊಲ್ಲಾಪುರದ ಮೇಲೆ ಕಲಬುರಗಿಗೆ ಹೋಗುವ ನಮ್ಮ ಜನಕ್ಕೆ ಕುರಕುಂಭ ಗೊತ್ತು. ಹೆದ್ದಾರಿ ಪಕ್ಕದ ಎಂಐಡಿಸಿ, ರಾಸಾಯನಿಕ ಕಾರ್ಖಾನೆಗಳು, ನಿಂತ ಟ್ಯಾಂಕರ್‌ಗಳು. ಇದೇ ಜಾಗವನ್ನು ಆಕಾಶದಿಂದ ಫೋಟೊ ತೆಗೆದು, ಒಂದು ಟ್ಯಾಂಕರ್ ಮೇಲೆ ಬಾಣದ ಗುರುತು ಹಾಕಿ ತೋರಿಸಿದರೆ ಯಾರನ್ನು ಬೇಕಾದರೂ ಹೆದರಿಸಬಹುದು.

2003ರ ಫೆಬ್ರುವರಿ 5ರಂದು ಭದ್ರತಾ ಮಂಡಳಿಯಲ್ಲಿ ಕಾಲಿನ್ ಪೊವೆಲ್ ಮಾಡಿದ್ದು ಹೆಚ್ಚುಕಡಿಮೆ ಇದನ್ನೇ. ಇರಾಕಿನ ಲಾರಿ, ಉಗ್ರಾಣಗಳ ಉಪಗ್ರಹ ಚಿತ್ರ ತೋರಿಸಿದರು. ಮಿತ್ರದೇಶ ಬ್ರಿಟನ್ನಿನ ವರದಿಯನ್ನು ಹೊಗಳಿದರು. ಅದರ ದೊಡ್ಡ ಭಾಗ ಸಂಶೋಧನಾ ವಿದ್ಯಾರ್ಥಿಯೊಬ್ಬನ ಲೇಖನದ ನಕಲು ಎಂದು ಕೆಲವೇ ದಿನಗಳಲ್ಲಿ ಬಯಲಾಯಿತು. ಯುದ್ಧ ಮಾತ್ರ ನಿಲ್ಲಲಿಲ್ಲ. ಅಸ್ತ್ರಗಳ ದಾಸ್ತಾನು ಸಿಗಲೇ ಇಲ್ಲ. ನ್ಯೂಯಾರ್ಕ್ ಟೈಮ್ಸ್ ತನ್ನ ವರದಿಗಳ ಲೋಪವನ್ನು ಒಪ್ಪಿಕೊಂಡದ್ದು 2004ರ ಮೇ 26ರಂದು, ಬಾಗ್ದಾದ್ ಬಿದ್ದು ವರ್ಷ ಕಳೆದ ಮೇಲೆ, ಒಳಪುಟದಲ್ಲಿ.

ಕನ್ನಡಿಗರಿಗೆ ಇದು ಹೊಸ ಕಥೆಯಲ್ಲ. ಮಾರಿಷಸ್‌ನ ಫ್ರೆಂಚ್ ಗವರ್ನರ್ ಮಲಾರ್ತಿಕ್ ಟಿಪ್ಪುವಿನ ಸೈನ್ಯಕ್ಕೆ ಸ್ವಯಂಸೇವಕರನ್ನು ಕರೆದು ಹೊರಡಿಸಿದ ಘೋಷಣೆ 1798ರ ಜೂನ್‌ನಲ್ಲಿ ಕಲ್ಕತ್ತೆಯ ಪತ್ರಿಕೆಯಲ್ಲಿ ಅಚ್ಚಾಯಿತು. ಟಿಪ್ಪು ದೂತರನ್ನು ಕಳಿಸಿದ್ದು ನಿಜ, ಮುಚ್ಚಿಡಬೇಕಿಲ್ಲ. ಆದರೆ ಮಂಗಳೂರಿಗೆ ಬಂದಿಳಿದವರು ಸುಮಾರು ನೂರು ಮಂದಿ. ಆಗಸ್ಟ್‌ನಲ್ಲಿ ಈಜಿಪ್ಟಿನ ಕರಾವಳಿಯಲ್ಲಿ ನೆಲ್ಸನ್ ಫ್ರೆಂಚ್ ನೌಕಾಪಡೆಯನ್ನೇ ಧ್ವಂಸ ಮಾಡಿದ. ನವೆಂಬರ್‌ನಲ್ಲಿ ಆ ಸುದ್ದಿಯನ್ನು ಟಿಪ್ಪುವಿಗೆ ಬರೆದು ತಿಳಿಸಿದವನೇ ಗವರ್ನರ್ ಜನರಲ್ ವೆಲ್ಲೆಸ್ಲಿ! ಫ್ರೆಂಚರ ಭಯ ಕರಗಿತು, ದಂಡು ಕರಗಲಿಲ್ಲ. ಕಂಪನಿಯೂ ನಿಜಾಮನೂ ಕೂಡಿ ಬಂದರು. 1799ರ ಮೇ 4ರಂದು ಶ್ರೀರಂಗಪಟ್ಟಣ ಬಿತ್ತು. ದಂಡು ಕಳಿಸದ ಪುಣೆಯ ಪೇಶ್ವೆಯ ಮುಂದೆಯೂ ಒಂದು ಪಾಲು ಇಟ್ಟರು. ಅವನು ಷರತ್ತು ಒಪ್ಪದಿದ್ದಾಗ ಅದನ್ನೂ ತಾವಿಬ್ಬರೇ ಹಂಚಿಕೊಂಡರು. ಆತ್ಮರಕ್ಷಣೆಗೆಂದು ಬಂದವರಿಗೆ ಕೆನರಾ ಕರಾವಳಿ ಯಾಕೆ ಬೇಕಾಗಿತ್ತು?

ನಾಲ್ಕು ಸರಕಾರಗಳು ಒಂದೇ ಮಾತು ಆಡಿದರೆ ನಾಲ್ಕು ಸಾಕ್ಷಿ ಸಿಕ್ಕಂತಲ್ಲ. ಒಬ್ಬ ಬರೆದ ಚೀಟಿಯನ್ನೇ ಉಳಿದವರು ಓದುತ್ತಿರಬಹುದು. ಬಾಯಿಗಳನ್ನು ಎಣಿಸಿ ತಲೆಬರಹ ಕೊಡುವುದು ಪತ್ರಿಕೋದ್ಯಮವಲ್ಲ. 2025ರ ಮೇ ತಿಂಗಳಲ್ಲಿ ಕರಾಚಿ ಬಂದರು ನಾಶವಾಯಿತೆಂದು ನಮ್ಮ ಹಲವು ಟಿವಿ ಚಾನೆಲ್‌ಗಳೇ ಕೂಗಿದವು. ಬಂದರು ಇದ್ದಲ್ಲೇ ಇತ್ತು.

ಆದ್ದರಿಂದ ಮುಂದಿನ ಯುದ್ಧದ ಸುದ್ದಿ ಬಂದಾಗ ಮೂರು ಪ್ರಶ್ನೆ ಕೇಳೋಣ. ಈ ಮಾತು ಮೊದಲು ಹೇಳಿದವರು ಯಾರು? ಕೊಟ್ಟ ಕಾರಣ ಇವತ್ತಿಗೂ ಉಳಿದಿದೆಯೇ? ಗೆದ್ದ ಮೇಲೆ ನೆಲ ಯಾರ ಪಾಲಿಗೆ? ಇವನ್ನು ಯುದ್ಧಕ್ಕೆ ಮೊದಲು ಕೇಳದ ಪತ್ರಿಕೆ ಆಮೇಲೆ ಕ್ಷಮೆ ಕೇಳಿ ಪ್ರಯೋಜನವಿಲ್ಲ.