ತುಂಬಿದ ಸಿಹಿಗುಂಬಳ

ದಸರಾ ಮುಗಿದು ದೀಪಾವಳಿ ಹತ್ತಿರವಾಗುವ ಹೊತ್ತಿಗೆ ಸಂತೆಯಲ್ಲಿ ಸಿಹಿಗುಂಬಳದ ರಾಶಿ ಬಿದ್ದಿರುತ್ತದೆ. ಮಳೆಗಾಲದಲ್ಲಿ ಹಬ್ಬಿದ ಬಳ್ಳಿಯ ಕಾಯಿಗಳು ಈಗ ಚೆನ್ನಾಗಿ ಬಲಿತಿರುತ್ತವೆ. ತೊಟ್ಟು ಸಮೇತ ಕೊಯ್ದ, ಗಾಯವಿಲ್ಲದ ಕಾಯಿಯಾದರೆ ಗಾಳಿಯಾಡುವ ಕಡೆ 2-3 ತಿಂಗಳು ಕೆಡದೆ ಇರುತ್ತದೆ. ಹಾಗೆ ಎತ್ತಿಟ್ಟ ಕಾಯಿಯ ಬಗ್ಗೆಯೇ ಸೋದರಿಯೊಬ್ಬರು ಕಾಗದ ಬರೆದಿದ್ದಾರೆ. ಯಜಮಾನರು ತೀರಿಕೊಂಡು ವರ್ಷ ಕಳೆದಿದೆ, ಮಕ್ಕಳು ದೂರದ ಊರಲ್ಲಿ. "ಇಡೀ ಕುಂಬಳಕಾಯಿಗೆ ಹೆಂಗಸರು ಮೊದಲು ಕತ್ತಿ ಹಾಕಬಾರದಂತೆ. ಒಡೆದುಕೊಡಿ ಅಂತ ಪಕ್ಕದ ಮನೆಯವರನ್ನ ಎಷ್ಟು ಸಲ ಕರೀಲಿ? ಈ ಸಲ ಮಕ್ಕಳು ಹಬ್ಬಕ್ಕೆ ಬರ್ತಾರೆ. ಹಿತ್ತಲಲ್ಲಿ ಬಿಟ್ಟ ಕಾಯಿ, ಇಡಿಯಾಗೇ ತುಂಬಿ ಮಾಡೋಣ ಅಂತ ಆಸೆ" ಎಂದಿದ್ದಾರೆ.

ಈ ಪದ್ಧತಿ ನಮ್ಮಲ್ಲಿ ಹಲವು ಮನೆಗಳಲ್ಲಿದೆ. ಗಂಡಸೋ ಹುಡುಗನೋ ಒಂದು ಗೀರು ಹಾಕಿಕೊಟ್ಟರೆ ಆಯಿತು. ಆಮೇಲೆ ಹೆಚ್ಚುವುದು, ಬೇಯಿಸುವುದು, ಬಡಿಸುವುದೆಲ್ಲ ನಮ್ಮದೇ! ಹಿರಿಯರಿರುವ ಮನೆಯಲ್ಲಿ ಅವರ ಮನಸ್ಸು ನೋಯಿಸಿ ಎಂದು ನಾನು ಹೇಳಲಾರೆ. ಆದರೆ ಒಬ್ಬರೇ ಇರುವ ತಾಯಿ ಒಂದು ಕಾಯಿಗಾಗಿ ಇನ್ನೊಬ್ಬರ ಬಾಗಿಲಲ್ಲಿ ನಿಲ್ಲಬೇಕಾಗಿಲ್ಲ. ಬೆಳೆಸಿದವರು ನೀವು. ದೇವರಿಗೆ ಕೈಮುಗಿದು ಧಾರಾಳವಾಗಿ ಹೆಚ್ಚಿ, ಅಮ್ಮಾ. ಭಯವೇನಿದ್ದರೂ ಜಾರುವ ಸಿಪ್ಪೆಯದು. ಒದ್ದೆ ಬಟ್ಟೆ ಮಡಿಸಿ ಹಾಸಿ, ಕಾಯಿ ಅಲುಗದಂತೆ ಕೂರಿಸಿ, ಚೂಪು ಕತ್ತಿಯ ಮೊನೆಯನ್ನು ತೊಟ್ಟಿನ ಸುತ್ತ ಸ್ವಲ್ಪ ಸ್ವಲ್ಪವಾಗಿ ಇಳಿಸುತ್ತ ಬನ್ನಿ. ಈಳಿಗೆಮಣೆ ಇದಕ್ಕೆ ಬೇಡವೇ ಬೇಡ.

ಸುಮಾರು 1¼ ಕಿಲೋ ತೂಗುವ ಕಾಯಿ ಸಾಕು. ಇಡ್ಲಿಪಾತ್ರೆಯಲ್ಲಿಟ್ಟರೆ ಮುಚ್ಚಳ ಕೂರುವಂತಿರಬೇಕು, ಮೊದಲೇ ಇಟ್ಟು ನೋಡಿಕೊಳ್ಳಿ. ತೊಟ್ಟಿನ ಭಾಗವನ್ನು ಟೋಪಿಯಂತೆ ತೆಗೆದಿಟ್ಟು, ಒಳಗಿನ ಬೀಜ, ನಾರು ಎಲ್ಲ ಚಮಚದಿಂದ ಕೆರೆದು ತೆಗೆಯಿರಿ. ಹಸಿ ಚೂರೊಂದನ್ನು ನಾಲಿಗೆಗೆ ತಾಕಿಸಿ ನೋಡಿ. ಕಹಿ ಇದ್ದರೆ ಇಡೀ ಕಾಯನ್ನೇ ಬಿಸಾಡಿ. ಆ ಕಹಿ ಬೇಯಿಸಿದರೂ ಹೋಗದು, ಹೊಟ್ಟೆ ಕೆಡಿಸುತ್ತದೆ. ಬೆಲ್ಲ ಹಾಕಿ ಮುಚ್ಚುವ ಜಾಣತನ ಬೇಡ. ಒಳಮೈಗೆ ಉಪ್ಪು, ಅರಿಶಿನ ಸವರಿ 10 ನಿಮಿಷ ಬೋರಲು ಹಾಕಿದರೆ ನೀರು ಇಳಿದುಹೋಗುತ್ತದೆ.

ತುಂಬುವುದಕ್ಕೆ ನಮ್ಮ ಎಣ್ಣೆಗಾಯಿ ಮಸಾಲೆಯೇ ಸೊಗಸು. ಕಾಲು ಬಟ್ಟಲು ಕಡಲೆಬೀಜ, 2 ಚಮಚ ಎಳ್ಳು, 2 ಚಮಚ ಒಣಕೊಬ್ಬರಿ, 1 ಚಮಚ ದನಿಯ, 5-6 ಬ್ಯಾಡಗಿ ಮೆಣಸಿನಕಾಯಿ, ಬೇರೆ ಬೇರೆಯಾಗಿ ಹುರಿದು ತರಿತರಿಯಾಗಿ ಕುಟ್ಟಿ. ಕಾಲು ಬಟ್ಟಲು ಕಡಲೆಬೇಳೆಯನ್ನು ಗಂಟೆ ನೆನೆಸಿ, ಬೆರಳಲ್ಲಿ ಹಿಸುಕಿದರೆ ಮುರಿಯುವಷ್ಟು ಬೇಯಿಸಿ ಬಸಿದುಕೊಳ್ಳಿ. ಇವೆರಡಕ್ಕೂ 1 ಬಟ್ಟಲು ಉದುರುದುರಾದ ಅನ್ನ, ಗಟ್ಟಿ ಹುಣಸೆರಸ, ನಿಂಬೆಗಾತ್ರದ ಬೆಲ್ಲ, ಉಪ್ಪು, ಕರಿಬೇವು, 2 ಚಮಚ ಎಣ್ಣೆ ಸೇರಿಸಿ ಕಲಸಿ. ಹಬ್ಬದ ಅಡಿಗೆಯಲ್ಲದಿದ್ದರೆ ಹುರಿದ ಈರುಳ್ಳಿಯೂ ಇರಲಿ. ಹಸಿ ಅಕ್ಕಿ, ಹಸಿ ಬೇಳೆ ಮಾತ್ರ ತುಂಬಬೇಡಿ. ಕುಂಬಳದ ದಪ್ಪ ಗೋಡೆ ದಾಟಿ ಬಿಸಿ ನಡುವಿಗೆ ತಲುಪುವಷ್ಟರಲ್ಲಿ ಕಾಯಿ ಕರಗಿ ಕೂತಿರುತ್ತದೆ.

ಕಂಠದಿಂದ ಒಂದು ಬೆರಳು ಕೆಳಗಿನವರೆಗೆ ಸಡಿಲವಾಗಿ ತುಂಬಿ, ಟೋಪಿ ಮುಚ್ಚಿ, ಅಂಚಿರುವ ತಟ್ಟೆಯಲ್ಲಿ ಕೂರಿಸಿ ಹಬೆಯಲ್ಲಿ 35-40 ನಿಮಿಷ ಬೇಯಿಸಿ. ತಟ್ಟೆ ಇಲ್ಲದಿದ್ದರೆ ಬೆಂದ ಕಾಯನ್ನು ಎತ್ತಲು ಬ್ರಹ್ಮನಿಂದಲೂ ಆಗದು! ಕುಕ್ಕರಾದರೆ ವೆಯಿಟ್ ಹಾಕಬೇಡಿ. ನಡುವೆ ಒಮ್ಮೆ ಬಿಸಿನೀರು ಸೇರಿಸಬೇಕಾದೀತು. ಪಕ್ಕದಲ್ಲಿ ಚುಚ್ಚಿದ ಕತ್ತಿ ಸಲೀಸಾಗಿ ಇಳಿದರೆ ಒಲೆ ಆರಿಸಿ. 10 ನಿಮಿಷ ಆರಿದ ಮೇಲೆ ಸಾಸಿವೆ, ಇಂಗಿನ ಒಗ್ಗರಣೆ ಸುರಿದು, ಎಲ್ಲರೂ ಎಲೆ ಮುಂದೆ ಕೂತ ಮೇಲೆಯೇ ಹೋಳು ಮಾಡಿ ಬಡಿಸಿ. ಜೊತೆಗೆ ಗಟ್ಟಿ ಮೊಸರಿದ್ದರೆ ಮತ್ತೇನೂ ಬೇಡ.

ಕೆರೆದು ತೆಗೆದ ತಿರುಳನ್ನು ದೋಸೆಹಿಟ್ಟಿಗೆ ರುಬ್ಬಿಕೊಳ್ಳಬಹುದು. ಬೀಜ ತೊಳೆದು ಬಿಸಿಲಲ್ಲಿ ಒಣಗಿಸಿ, ಉಪ್ಪುನೀರು ಚಿಮುಕಿಸಿ ಹುರಿದರೆ ಮಕ್ಕಳು ಜೇಬಿಗಿಳಿಸುತ್ತಾರೆ. ಹುರಿಯುವ ಮುಂಚೆ ದಪ್ಪನೆಯ ಎಂಟು ಹತ್ತು ಬೀಜ ಬೂದಿ ಸವರಿ ಡಬ್ಬಿಗೆ ಹಾಕಿಡಿ, ಮುಂದಿನ ಮಳೆಗಾಲಕ್ಕೆ ಹಿತ್ತಲಿಗಾಯಿತು.