ಕಲ್ಲಿನ ದರಖಾಸ್ತೂ ಕೋರ್ಟಿನ ಗಡುವೂ

ವಿಧಾನಸೌಧದ ಕಲ್ಲು ಬಹುಪಾಲು ಬಂದದ್ದು ನಮ್ಮ ಯಲಹಂಕದ ಆಚೀಚಿನ ಹೆಸರಘಟ್ಟ, ಮಲ್ಲಸಂದ್ರದ ಸುತ್ತಲ ಬಂಡೆಗಳಿಂದ. 1956ರಲ್ಲಿ ಮುಗಿದ ಆ ಸೌಧದ ಮುಂಭಾಗದಲ್ಲಿ ‘ಸರ್ಕಾರದ ಕೆಲಸ ದೇವರ ಕೆಲಸ’ ಎಂದು ಬರೆಸಿದ್ದಾರೆ. ಇಂದು ಒಬ್ಬ ಕಲ್ಲುಕುಟಿಗ ಗಣಿಯ ಪರವಾನಗಿಗೆ ದರಖಾಸ್ತು ಹಾಕಿದರೆ, ದೇವರ ಕೆಲಸದಂತೆಯೇ ಅದಕ್ಕೂ ಕಾಲದ ಹಂಗಿಲ್ಲ!

ಗಣಿ ಮತ್ತು ಭೂವಿಜ್ಞಾನ ಇಲಾಖೆಗೆ ಕೊಟ್ಟ ಕಾಗದ ಕಂದಾಯದವರ ಅಭಿಪ್ರಾಯಕ್ಕೆ ಹೋಗುತ್ತದೆ, ಅರಣ್ಯದವರ ಅಭಿಪ್ರಾಯಕ್ಕೆ ಹೋಗುತ್ತದೆ. 2012ರ ದೀಪಕ್ ಕುಮಾರ್ ತೀರ್ಪಿನ ಮೇಲೆ ಐದು ಹೆಕ್ಟೇರಿಗಿಂತ ಕಿರಿದಾದ ಗಣಿಗೂ ಪರಿಸರ ಅನುಮತಿ ಬೇಕಾಯಿತು. ಇದಕ್ಕೆ ನಮ್ಮ ಆಕ್ಷೇಪಣೆಯಿಲ್ಲ. ಧೂಳು ಕುಡಿಯುವವರೂ ಕೂಲಿಯವರೇ. ಊರ ಮಗ್ಗುಲಲ್ಲಿ ಸಿಡಿಮದ್ದು ಬೇಡವೆಂದಾದರೆ ಬೇಡವೆಂದೇ ಹಿಂಬರಹ ಕೊಡಲಿ. ಹೌದು, ಅಲ್ಲ ಎರಡನ್ನೂ ಹೇಳದೆ ಕಡತದ ಮೇಲೆ ಕೂರುವುದು ಯಾವ ಆಡಳಿತ?

ಇದಕ್ಕೆ ಮದ್ದು ಉಂಟು. ಸಂವಿಧಾನದ 226ನೆಯ ವಿಧಿಯಂತೆ ಹೈಕೋರ್ಟಿಗೆ ರಿಟ್ ಅರ್ಜಿ ಹಾಕಬಹುದು. ಕೋರ್ಟು ಪರವಾನಗಿಯನ್ನು ತಾನೇ ಕೊಡುವುದಿಲ್ಲ. ಇಷ್ಟು ವಾರದೊಳಗೆ ಕಾನೂನಿನಂತೆ ತೀರ್ಮಾನಿಸಿ ಎಂದು ಇಲಾಖೆಗೆ ಆಜ್ಞೆ ಮಾಡುತ್ತದೆ. ಆಜ್ಞೆಯನ್ನೂ ಮೀರಿದರೆ 1971ರ ನ್ಯಾಯಾಂಗ ನಿಂದನೆ ಕಾಯ್ದೆಯಿದೆ. ಆದರೆ ಆ ದೂರು ಒಂದು ವರ್ಷದೊಳಗೆ ಹೋಗಬೇಕು. ಹೈಕೋರ್ಟಿನ ಮೆಟ್ಟಿಲು ಹತ್ತುವ ಮೊದಲು ಇಲಾಖೆಗೆ ಲಿಖಿತ ಮನವಿ ಕೊಟ್ಟು, ತಾರೀಖಿನ ಮೊಹರು ಹಾಕಿಸಿಕೊಂಡಿರಬೇಕು. ಬಾಯಿಮಾತಿನ ಓಡಾಟಕ್ಕೆ ಅಲ್ಲಿ ಬೆಲೆಯಿಲ್ಲ.

ವಕೀಲರ ಫೀಜಿಗೆ ಹಣವೆಲ್ಲಿ ಎಂದು ಕೇಳುವವರಿಗೆ ಒಂದು ಮಾತು. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ 12ನೆಯ ಪ್ರಕರಣದಂತೆ ಪರಿಶಿಷ್ಟ ಜಾತಿ, ಪಂಗಡದವರಿಗೂ ಹೆಂಗಸರಿಗೂ ಉಚಿತ ನೆರವು ಸಲ್ಲುತ್ತದೆ. ಬಂಡೆಯ ಕಸುಬಿನ ಭೋವಿಗಳು ನಮ್ಮ ರಾಜ್ಯದಲ್ಲಿ ಪರಿಶಿಷ್ಟ ಜಾತಿಯವರು. ಕೈಗಾರಿಕಾ ಕಾರ್ಮಿಕನೂ ಆ ಪಟ್ಟಿಯಲ್ಲಿದ್ದಾನೆ. ಗಿರಣಿಯ ಗೆಳೆಯರು ಗಮನಿಸಲಿ.

ಆದರೆ ಗಡುವು ಬರುವಷ್ಟರಲ್ಲಿ ನಿಯಮವೇ ಬದಲಾದರೆ? ತಮಿಳುನಾಡಿನ ಹಿಂದ್ ಸ್ಟೋನ್ ಮೊಕದ್ದಮೆಯಲ್ಲಿ ಆದದ್ದು ಇದೇ. ಕರಿಕಲ್ಲಿನ ಗುತ್ತಿಗೆ ಖಾಸಗಿಯವರಿಗೆ ಇಲ್ಲವೆಂದು ಅಲ್ಲಿನ ಸರ್ಕಾರ ನಿಯಮ ಮಾಡಿತು. ನಿಸರ್ಗದ ಸೊತ್ತು ಸರ್ಕಾರದ ಕೈಯಲ್ಲಿರಲಿ ಎಂಬುದು ಸಮಾಜವಾದಿಗಳಾದ ನಮಗೂ ಒಪ್ಪಿಗೆಯೇ. ಒಪ್ಪಲಾರದ್ದು ಬೇರೆ. ದರಖಾಸ್ತನ್ನು ಯುಕ್ತಕಾಲದಲ್ಲಿ ತೀರ್ಮಾನಿಸಬೇಕು, ನಿಜ. ಆದರೆ ಅರ್ಜಿ ಹಾಕಿದ ದಿನದ ನಿಯಮವೇ ತನಗೆ ಅನ್ವಯಿಸಬೇಕೆನ್ನುವ ಹಕ್ಕು ಅರ್ಜಿದಾರನಿಗಿಲ್ಲವೆಂದು ಸುಪ್ರೀಂ ಕೋರ್ಟು 1981ರಲ್ಲಿ ಹೇಳಿತು. ತಡ ಮಾಡಿದವನು ಕಳೆದುಕೊಂಡದ್ದೇನು? ಏನೂ ಇಲ್ಲ.

ಅದರ ಬಿಸಿ ನಮ್ಮಲ್ಲಿಗೂ ಬಂತು. 1994ರ ಕರ್ನಾಟಕ ಉಪಖನಿಜ ರಿಯಾಯಿತಿ ನಿಯಮಗಳಿಗೆ 2016ರ ಆಗಸ್ಟ್ 12ರಂದು ತಿದ್ದುಪಡಿ ಬಂದು, ಕೆಲವು ಬಗೆಯವನ್ನುಳಿದು ಬಾಕಿಯಿದ್ದ ದರಖಾಸ್ತುಗಳೆಲ್ಲ ಅನರ್ಹವಾದವು. ಸರ್ಕಾರಿ ಜಮೀನಿನ ಕಲ್ಲಿಗೆ ಹರಾಜು ಬಂತು. ಕೋಟಿಯವರ ಕೂಗಿನ ನಡುವೆ ಉಳಿ ಸುತ್ತಿಗೆಯವನ ದನಿ ಕೇಳಿಸೀತೆ? ಕಡತವನ್ನು ಕಾಲದಲ್ಲಿ ನೋಡಿದ್ದರೆ ಅವನಿಗೆ ಒಂದು ಉತ್ತರವಾದರೂ ಸಿಗುತ್ತಿತ್ತು.

ಯಶವಂತಪುರದ ಅಂಗಡಿಕಾರರಿಗೆ ‘ಸಕಾಲ’ ಗೊತ್ತು. 2011ರ ಆ ಕಾಯ್ದೆ ತಡವಾದ ಸೇವೆಗೆ ದಿನಕ್ಕೆ 20 ರೂಪಾಯಿ, ಒಟ್ಟು 500 ರೂಪಾಯಿ ಮೀರದಂತೆ ಪರಿಹಾರ ಬರೆದಿತು. ಲೆಕ್ಕ ಹಾಕಿ ನೋಡಿ: ಇಪ್ಪತ್ತೈದು ದಿನಕ್ಕೆ ಅದು ಮುಗಿಯಿತು, ಇಪ್ಪತ್ತಾರನೆಯ ದಿನದಿಂದ ವಿಳಂಬ ಪುಕ್ಕಟೆ.

ನಮ್ಮ ಬೇಡಿಕೆ ಇಷ್ಟು. ಗಡುವು ಮೀರಿದ ದರಖಾಸ್ತನ್ನು ಗಡುವು ಮುಗಿದ ದಿನದ ನಿಯಮದಂತೆಯೇ ತೀರ್ಮಾನಿಸಬೇಕೆಂದು ಶಾಸನದಲ್ಲಿ ಬರೆಯಲಿ. ಕಡತ ಯಾರ ಮೇಜಿನ ಮೇಲೆ ಎಷ್ಟು ದಿನ ಮಲಗಿತ್ತೆಂಬುದನ್ನು ಅರ್ಜಿದಾರನಿಗೆ ಲಿಖಿತವಾಗಿ ಕೊಡಲಿ. ಓಟು ಕೇಳಲು ಬರುವ ಯಲಹಂಕ, ಹೆಬ್ಬಾಳದ ಅಭ್ಯರ್ಥಿಗಳನ್ನು ವಾಚಕರು ಮೊದಲು ಈ ಪ್ರಶ್ನೆಯನ್ನೇ ಕೇಳಲಿ.