ಆಮೆಗೆ ಪಾಠ ಹೇಳುವ ಮಗು

ಮಕ್ಕಳಿಗೆ ಪ್ರೋಗ್ರಾಮಿಂಗ್ ಯಾಕೆ ಕಲಿಸಬೇಕು? ಮುಂದೆ ಒಳ್ಳೆಯ ಕೆಲಸ ಸಿಗುತ್ತದೆ ಎಂಬ ಉತ್ತರ ಎಲ್ಲೆಡೆ ಕೇಳಿಬರುತ್ತದೆ. ಸೀಮೋರ್ ಪ್ಯಾಪರ್ಟ್ ಕೊಟ್ಟ ಉತ್ತರ ಬೇರೆ, ನನಗೆ ಸರಿಕಾಣುವುದೂ ಅದೇ: ಮಗು ತನ್ನ ಯೋಚನೆಯನ್ನೇ ಎದುರಿಗಿಟ್ಟುಕೊಂಡು ಪರೀಕ್ಷಿಸುವುದನ್ನು ಕಲಿಯಲಿ ಎಂದು.

ದಕ್ಷಿಣ ಆಫ್ರಿಕಾದಲ್ಲಿ ಹುಟ್ಟಿದ ಈ ಗಣಿತಜ್ಞ ಜಿನೀವಾದಲ್ಲಿ ಮನೋವಿಜ್ಞಾನಿ ಜೀನ್ ಪಿಯಾಜೆಯವರ ಜೊತೆ ಕೆಲಸ ಮಾಡಿದವರು. ಮಕ್ಕಳು ಅರಿವನ್ನು ತಾವೇ ಕಟ್ಟಿಕೊಳ್ಳುತ್ತಾರೆ ಎಂಬ ನಂಬಿಕೆಯನ್ನು ಹೊತ್ತೇ ಅಮೆರಿಕದ ಎಂಐಟಿಗೆ ಬಂದರು. 1967ರಲ್ಲಿ ಸಿಂಥಿಯಾ ಸಾಲೊಮನ್ ಮೊದಲಾದವರೊಂದಿಗೆ ಮಕ್ಕಳಿಗಾಗಿ ಲೋಗೊ ಎಂಬ ಪ್ರೋಗ್ರಾಮಿಂಗ್ ಭಾಷೆಯನ್ನು ರೂಪಿಸಿದರು.

ಲೋಗೊದಲ್ಲಿ, ಹೇಳಿದಂತೆ ಚಲಿಸುತ್ತಾ ಗೆರೆ ಎಳೆಯುವ ಒಂದು ಆಮೆ ಇದೆ. ಮುಂದೆ 100 ಹೆಜ್ಜೆ, ಬಲಕ್ಕೆ 90 ಡಿಗ್ರಿ ಎಂದು ನಾಲ್ಕು ಸಲ ಹೇಳಿದರೆ ಅದು ಚೌಕ ಬರೆಯುತ್ತದೆ. ಸಮಬಾಹು ತ್ರಿಕೋನ ಬರೆಸಹೊರಟ ಮಗು 60 ಡಿಗ್ರಿ ತಿರುಗಿಸಿತೆನ್ನಿ. ಪುಸ್ತಕದಲ್ಲಿ ಓದಿದ ಕೋನ ಅದೇ ತಾನೆ! ಆದರೆ ಆಮೆ ಷಟ್ಕೋನದ ದಾರಿ ಹಿಡಿಯುತ್ತದೆ. ಆಗ ಮಗು ಎದ್ದು, ತಾನೇ ಆಮೆಯಾಗಿ ನೆಲದ ಮೇಲೆ ನಡೆದು ನೋಡಬೇಕು. ತಿರುಗಬೇಕಾದದ್ದು ಹೊರಕೋನದಷ್ಟು, ಅಂದರೆ 120 ಡಿಗ್ರಿ, ಎಂದು ಮೈಗೇ ತಿಳಿಯುತ್ತದೆ. ಹೊರಟಲ್ಲಿಗೆ ಬಂದು ಮೊದಲಿನ ದಿಕ್ಕಿಗೇ ಮುಖ ಮಾಡಲು ಒಟ್ಟು 360 ಡಿಗ್ರಿ ತಿರುಗಬೇಕು. ಇದು ಹೊಳೆದ ಮಗುವಿಗೆ ಪಂಚಭುಜ, ಅಷ್ಟಭುಜಗಳನ್ನು ಯಾರೂ ಹೇಳಿಕೊಡಬೇಕಿಲ್ಲ. ಒಂದೊಂದೇ ಡಿಗ್ರಿ ತಿರುಗಿಸುತ್ತಾ 360 ಪುಟ್ಟ ಹೆಜ್ಜೆ ಇಡಿಸಿದರೆ ಕಣ್ಣಿಗೆ ವೃತ್ತವೇ ಕಾಣುತ್ತದೆ. ಯಂತ್ರ ಮಗುವಿಗೆ ಪಾಠ ಹೇಳುವ ಬದಲು ಮಗುವೇ ಯಂತ್ರಕ್ಕೆ ಹೇಳುತ್ತದೆ. ತಪ್ಪಾದರೆ ಅಂಕ ಹೋಗುವುದಿಲ್ಲ, ಎಲ್ಲಿ ತಪ್ಪಿತೆಂದು ಹುಡುಕುವ ಕುತೂಹಲ ಹುಟ್ಟುತ್ತದೆ.

ಇದಕ್ಕೆ ಗಟ್ಟಿಯಾದ ಆಕ್ಷೇಪವೂ ಬಂತು. 1980ರ ದಶಕದಲ್ಲಿ ಸಂಶೋಧಕರಾದ ರಾಯ್ ಪೀ ಮತ್ತು ಮಿಡಿಯನ್ ಕರ್ಲೆಂಡ್ ನಡೆಸಿದ ಅಧ್ಯಯನಗಳಲ್ಲಿ, ಲೋಗೊ ಕಲಿತ ಮಕ್ಕಳು ಬೇರೆ ಕೆಲಸಗಳನ್ನು ಯೋಜಿಸುವುದರಲ್ಲಿ ಉಳಿದವರಿಗಿಂತ ಮುಂದಿರಲಿಲ್ಲ. ಈ ಫಲಿತಾಂಶವನ್ನು ತಳ್ಳಿಹಾಕಲಾಗದು. ಕೋಡ್ ಬರೆದ ಮಾತ್ರಕ್ಕೆ ಬುದ್ಧಿ ಚುರುಕಾಗದು. ಭಾಷೆಯೊಂದೇ ಏನನ್ನೂ ಮಾಡದು, ಅದರ ಸುತ್ತಲಿನ ಕಲಿಕೆಯ ವಾತಾವರಣವನ್ನು ನೋಡಿ ಎಂದು ಪ್ಯಾಪರ್ಟ್ ವಾದಿಸಿದರು. ನಾನು ಈ ಮಾತನ್ನು ಒಪ್ಪುತ್ತೇನೆ, ಆದರೆ ಅದು ಹೊಣೆಯನ್ನೆಲ್ಲ ಶಿಕ್ಷಕರ ಮೇಲೆ ಹೊರಿಸುತ್ತದೆ ಎಂಬುದನ್ನೂ ಮರೆಯಬಾರದು.

ಸಮಸ್ಯೆಯನ್ನು ಕಂಪ್ಯೂಟರಿಗೆ ಹೇಳುವಂತೆ ಹಂತಹಂತವಾಗಿ ಬಿಡಿಸುವ ಯೋಚನೆಗೆ ಈಗ ಬಳಸುವ 'ಕಂಪ್ಯೂಟೇಷನಲ್ ಥಿಂಕಿಂಗ್' ಎಂಬ ಮಾತು ಪ್ಯಾಪರ್ಟರ 1980ರ 'ಮೈಂಡ್‌ಸ್ಟಾರ್ಮ್ಸ್' ಪುಸ್ತಕದಲ್ಲೇ ಇದೆ. 2006ರಲ್ಲಿ ಕಂಪ್ಯೂಟರ್ ವಿಜ್ಞಾನಿ ಜನೆಟ್ ವಿಂಗ್ ಬರೆದ ಲೇಖನದಿಂದ ಅದು ಮನೆಮಾತಾಯಿತು. ಲೋಗೊ ನಮ್ಮ ಹಲವು ಶಾಲೆಗಳ ಕಂಪ್ಯೂಟರ್ ಪುಸ್ತಕಗಳಿಗೂ ಬಂತು. ಆದರೆ ಆಜ್ಞೆಗಳನ್ನು ಬಾಯಿಪಾಠ ಮಾಡಿಸಿ ಪರೀಕ್ಷೆಯಲ್ಲಿ ಬಿಟ್ಟ ಸ್ಥಳ ತುಂಬಿಸಿದರೆ ಪ್ಯಾಪರ್ಟ್ ವಿರೋಧಿಸಿದ ಪಾಠವನ್ನೇ ಅವರ ಆಮೆಯಿಂದ ಹೇಳಿಸಿದಂತೆ. ಶಿಕ್ಷಕರೇ, ಮಗುವಿನ ತ್ರಿಕೋನ ಕೆಟ್ಟಾಗ ಸರಿಯಾದ ಸಂಖ್ಯೆಯನ್ನು ತಕ್ಷಣ ಹೇಳಬೇಡಿ. ಎದ್ದು ನಡೆದು ನೋಡಲು ಅದಕ್ಕೆ ಸಮಯ ಕೊಡಿ.